ಹೆಚ್ಚಿಗೆ ಸೇರಿಸಿದ ಮೂರು ಹೆಸರು

ಹಿರಿಯೂರು ಕೋರ್ಟಿನ ಆ ಮ್ಯಾಜಿಸ್ಟ್ರೇಟಮ್ಮ ಪೆನ್ನು ಕೆಳಗಿಟ್ಟು, ಎದುರಿಗಿದ್ದವರ ಮುಖ ನೋಡಿಯೇ ಮಾತು ಕೇಳುತ್ತಿದ್ದರು. "ಕಣ್ಣಾರೆ ಕಂಡದ್ದಷ್ಟೇ ಹೇಳಿ" ಎನ್ನುತ್ತಿದ್ದರು.

ಪಕ್ಕದ ಹೊಲದವನು ನಮ್ಮೂರ ಕುರಿಗಾಹಿಯ ಕೈ ಮುರಿದಿದ್ದ. ಪೊಲೀಸರು ದೂರು ತೆಗೆದುಕೊಳ್ಳದಿದ್ದಾಗ ಕುರಿಗಾಹಿ ಕೋರ್ಟಿಗೇ ಖಾಸಗಿ ದೂರು ಕೊಟ್ಟ. ನಾನು ಸಾಕ್ಷಿ. ಸಂತೆಯಲ್ಲಿ ಕುರಿಗೆ ಬೆಲೆ ಏರಿಸಿ ಹೇಳುವಂತೆ, ಹೊಡೆದವನ ಮೂವರು ತಮ್ಮಂದಿರನ್ನೂ ಕುರಿಗಾಹಿ ದೂರಿಗೆ ಸೇರಿಸಿದ್ದ. ವ್ಯಾಪಾರದಲ್ಲಿ ಅದು ನಡೆಯುತ್ತದೆ; ಕೋರ್ಟಿನಲ್ಲಿ ಮಾತ್ರ ಹಾಗೆ ಮಾಡಬೇಡಿ.

ಸಮನ್ಸ್ ಕಳಿಸುವ ಮೊದಲು ಆಕೆ ಅವನಿಂದ ಪ್ರಮಾಣ ಮಾಡಿಸಿ ಕೇಳಿದರು: "ತಮ್ಮಂದಿರೂ ಹೊಡೆದರಾ?"

"ಇಲ್ರೀ ತಾಯಿ, ಅವ್ರು ಅಲ್ಲಿರ್ಲೇ ಇಲ್ಲ. ನೀವು ಹೆಂಗೂ ಒಂದಿಬ್ರನ್ನ ಕಡಿಮೆ ಮಾಡ್ತೀರಂತ ಬರೆಸಿದ್ದೆ."

ಕೇಸು ಬಿದ್ದೇಹೋಯಿತು ಎಂದುಕೊಂಡೆ.

"ಮತ್ತೆ ಅವರ ಅಣ್ಣ?" ಎಂದರು ಮ್ಯಾಜಿಸ್ಟ್ರೇಟಮ್ಮ.

"ಅವನೇ ಹೊಡೆದಿದ್ದು, ನಾ ಕಂಡೀನ್ರೀ."

ನನ್ನನ್ನೂ ಅದನ್ನೇ ಕೇಳಿದರು; ಅಣ್ಣನೊಬ್ಬನೇ ಹೊಡೆದದ್ದನ್ನು ಕಂಡೆ ಎಂದೆ. ಆಮೇಲೆ, "ಈಗ ನಂಬುವಂತಾಯಿತು" ಎಂದು ತಮ್ಮಂದಿರನ್ನು ಬಿಟ್ಟು, ಹೊಡೆದವನೊಬ್ಬನಿಗೆ ಸಮನ್ಸ್ ಬರೆಸಿದರು.