ಬಾಸ್ಕ್ ಅಜ್ಜಿಯಾಗಿ ನನ್ನ ಎರಡು ಕೈ

ನನಗೊಮ್ಮೆ ಸಿನಿಮಾದಲ್ಲಿ ಪಾತ್ರ ಸಿಕ್ಕಿತ್ತು ಎಂದರೆ ಅಮೆರಿಕದ ಮಿಶಿಗನ್ನಿನಲ್ಲಿರುವ ನಮ್ಮೂರು ಕ್ಯಾಂಟನ್ನಿನ ಕನ್ನಡ ಬಳಗದಲ್ಲಿ ಯಾರೂ ನಂಬುವುದಿಲ್ಲ. ಅದೂ ಅಜ್ಜಿಯ ಪಾತ್ರ ಎಂದರಂತೂ ಕಾಫಿ ಅರ್ಧಕ್ಕೇ ಬಿಟ್ಟು ಏಳುತ್ತಾರೆ. ನೀವಾದರೂ ಸ್ವಲ್ಪ ಕೂತು ಕೇಳಿ.

ಪಕ್ಕದೂರು ಆನ್ ಆರ್ಬರಿನ ಮೈತೆ ನಮ್ಮ ಸ್ನೇಹಿತೆ. ಚಿತ್ರ ಬರೆಯುತ್ತಾಳೆ, ಸಿನಿಮಾವನ್ನೂ ತೆಗೆಯುತ್ತಾಳೆ. ಅವಳ ಮನೆಯವರು ಸ್ಪೇನಿಗೂ ಫ್ರಾನ್ಸಿಗೂ ನಡುವಿನ ಗುಡ್ಡಸೀಮೆಯ ಬಾಸ್ಕ್ ಜನ. ಅವರ ಭಾಷೆಗೆ ಲೋಕದಲ್ಲಿ ಅಣ್ಣತಮ್ಮಂದಿರೇ ಇಲ್ಲವಂತೆ. ಆದರೆ ತಾಯಿಗೆ ಅವರು ‘ಅಮ’ ಎನ್ನುತ್ತಾರೆಂದು ತಿಳಿದ ದಿನ ನಾನು ಊಟ ಬಿಟ್ಟು ಕನ್ನಡಕ್ಕೂ ಬಾಸ್ಕಿಗೂ ನಂಟು ಬೆಸೆಯಲು ಕೂತೆ. “ರೀ, ಕರುನೂ ಅಂಬಾ ಅನ್ನುತ್ತೆ. ಸಾರು ಆರ್ತಿದೆ, ಬನ್ನಿ” ಎಂದು ನನ್ನ ಹೆಂಡತಿ ಆ ಸಂಶೋಧನೆಗೆ ಮಂಗಳ ಹಾಡಿದಳು.

ಮೈತೆ ತನ್ನ ಅಜ್ಜಿಯ ಮನೆಯ ನೆನಪುಗಳ ಬಗ್ಗೆ ಸಿನಿಮಾ ತೆಗೆಯುತ್ತಿದ್ದಳು. ಆ ಮನೆಯಲ್ಲಿ ಬಾಳಿದವರ ಪೈಕಿ ಉಳಿದವರು ಅವಳ ತಾಯಿ ಒಬ್ಬರೇ, ಎಂಬತ್ತೇಳು ವರ್ಷ, ಮೈತೆಯ ಮನೆಯಲ್ಲೇ ವಾಸ. ಏನು ಕೇಳಿದರೂ ಒಂದೇ ಉತ್ತರ: “ಹೇಳೋಕೆ ಏನಿದೆ? ಬಡವರಿದ್ವಿ. ಮೆಕ್ಕೆಜೋಳದ ರೊಟ್ಟಿ ತಿಂದ್ವಿ.” ರೊಟ್ಟಿ ಹೇಗೆ ಮಾಡುತ್ತಿದ್ದರು ಎಂದರೆ, “ಮರೆತಿದೆ.” ತಿಂಗಳು ತಿಂಗಳಿಗೂ ಆಕೆಗೆ ಮರೆವು ಹೆಚ್ಚುತ್ತಿತ್ತು. ಅಮ್ಮನೊಂದಿಗೆ ಆ ಮನೆಯೂ ಹೊರಟುಹೋಗುತ್ತದೆ ಎಂದು ಮೈತೆಗೆ ಒಳಗೊಳಗೇ ಭಯ. ಸಿನಿಮಾದಲ್ಲಿ ಅಲ್ಲಿಯವರೆಗೆ ಇದ್ದದ್ದು ಆ ಖಾಲಿ ಮನೆಯ ಗೋಡೆ ಮತ್ತು ಗುಡ್ಡದ ಮಂಜು, ಅಷ್ಟೇ.

ಒಂದು ಶನಿವಾರ ನಮ್ಮ ಮನೆಗೆ ಬಂದವಳು ನಾನು ಜೋಳದ ರೊಟ್ಟಿ ಬಡಿಯುವುದನ್ನು ನೋಡಿದಳು. ಹೌದು, ಬಡಿಯುವವನು ನಾನೇ. ನಮ್ಮದು ಬಾಗಲಕೋಟೆ ಕಡೆ. ನಮ್ಮಜ್ಜಿ ನನಗೆ ಮಾತನ್ನೂ ರೊಟ್ಟಿಯನ್ನೂ ಒಂದೇ ಒಲೆಯ ಮುಂದೆ ಕಲಿಸಿದಳು. ಯಾವುದು ತಪ್ಪಿದರೂ ಅದೇ ಸೌಟಿನ ಏಟು. ನನ್ನ ಹೆಂಡತಿ ಮೈಸೂರಿನವಳು. ಅವಳ ಕೈಯಲ್ಲಿ ರೊಟ್ಟಿ ಮಿಶಿಗನ್ ನಕ್ಷೆಯಾಗುತ್ತದೆ: ಎರಡು ತುಂಡು, ನಡುವೆ ನೀರು.

ಮೈತೆ ಕಣ್ಣು ಮಿಟುಕಿಸದೆ ನಿಂತಿದ್ದಳು. “ನಮ್ಮಜ್ಜಿನೂ ರೊಟ್ಟಿ ಹೀಗೇ ಬಡೀತಿದ್ದಿರಬೇಕು. ನಂಗೆ ನಿಮ್ಮ ಕೈ ಬೇಕು.”

“ಮಿಕ್ಕಿದ್ದನ್ನೂ ತಗೊಂಡು ಹೋಗಮ್ಮಾ” ಎಂದಳು ನನ್ನ ಹೆಂಡತಿ.

ಶೂಟಿಂಗ್ ನಮ್ಮ ಅಡುಗೆಮನೆಯಲ್ಲೇ. ಬಾಸ್ಕ್ ಅಜ್ಜಿಯರ ಮುಂಗೈಯಲ್ಲಿ ಇಷ್ಟು ಕೂದಲು ಇರುವುದಿಲ್ಲವೆಂದು ನನ್ನ ಹೆಂಡತಿ ರೇಜರ್ ಹಿಡಿದು ಮೊಣಕೈವರೆಗೆ ಬೋಳಿಸಿದಳು. ಮದುವೆಯಾದ ಮೇಲೆ ಅವಳನ್ನು ಅಷ್ಟು ಉತ್ಸಾಹದಲ್ಲಿ ನಾನು ಕಂಡಿರಲಿಲ್ಲ. ಹಳೆಯ ಕಪ್ಪು ರವಿಕೆಯ ತೋಳು ಕತ್ತರಿಸಿ ನನಗೆ ತೊಡಿಸಿದ್ದೂ ಆಯಿತು. ಮೆಕ್ಕೆಜೋಳದ ಹಿಟ್ಟು ಹಟಮಾರಿ, ಅಂಚು ಬಿರಿಯುತ್ತದೆ. ಬಿಟ್ಟೇನೆಯೇ? ಹುಣ್ಣಿಮೆ ಚಂದ್ರನ ಹಾಗೆ ದುಂಡಗೆ, ವೀಳ್ಯದೆಲೆಯಷ್ಟು ತೆಳ್ಳಗೆ ಬಡಿದೆ. ಹೊಗೆಗೆ ಅಲಾರ್ಮ್ ಎರಡು ಸಲ ಕಿರುಚಿಕೊಂಡಿತು.

ಮುಂದಿನ ಭಾನುವಾರ ಮೈತೆ ಅದನ್ನು ತಾಯಿಗೆ ಟೀವಿಯಲ್ಲಿ ತೋರಿಸಿದಳು. ನಾನು ಪಕ್ಕದಲ್ಲೇ, ಬಹುಮಾನಕ್ಕೆ ಕಾದವನಂತೆ ಕೂತಿದ್ದೆ. ಮುದುಕಿ ಕನ್ನಡಕ ಸರಿಮಾಡಿಕೊಂಡರು.

“ಯಾರೇ ಇವಳು?”

“ಅಜ್ಜಿ ಅಂದ್ಕೋ, ಅಮ.”

“ನಮ್ಮಮ್ಮನಾ? ಇಷ್ಟು ತೆಳ್ಳಗಾ? ಇದನ್ನ ತಿಂದು ಕುರಿ ಮೇಯ್ಸೋಕೆ ಹೋದ್ರೆ ಗುಡ್ಡ ಹತ್ತೋ ಮೊದಲೇ ಹಸಿವು! ಈ ಹೆಂಗಸಿಗೆ ಯಾರೂ ಏನೂ ಕಲಿಸಿಲ್ಲ.”

ಆ ಹೆಂಗಸು ನಾನೇ ಎಂದು ಮೈತೆ ಬೆರಳು ತೋರಿಸಿದಳು. ಮುದುಕಿ ನನ್ನ ಬೋಳು ಕೈಯನ್ನೊಮ್ಮೆ, ಮೀಸೆಯನ್ನೊಮ್ಮೆ ನೋಡಿದರು. “ಏಳು. ಕೈ ತೊಳ್ಕೊಂಡು ಬಾ.”

ಊರುಗೋಲು ಗೋಡೆಗೆ ಒರಗಿತು. ಹಿಟ್ಟು ಬಂತು, ಬಿಸಿನೀರು ಬಂತು. ಮರೆತೇಹೋಗಿದೆ ಎನ್ನುತ್ತಿದ್ದಾಕೆ ಬೆರಳಿನಷ್ಟು ದಪ್ಪಕ್ಕೆ ಬಡಿಯತೊಡಗಿದರು. ಏಟಿಗೊಂದು ಮಾತು: ಒಲೆಯ ಎಡಕ್ಕೆ ಕಿಟಕಿ, ಕೆಳಗಿನ ಕೊಟ್ಟಿಗೆಯಿಂದ ಹಸುವಿನ ಉಸಿರು ಮೇಲಕ್ಕೆ ಬರುತ್ತಿತ್ತು, ಮೊದಲ ರೊಟ್ಟಿ ಕಸಿಯುತ್ತಿದ್ದವಳು ತಂಗಿ, ಕಳ್ಳಿ. ಮೈತೆ ಕ್ಯಾಮೆರಾ ಹಿಡಿದಿದ್ದಳು. ಕಣ್ಣೊರೆಸಿಕೊಳ್ಳಲೂ ಅವಳಿಗೆ ಪುರುಸೊತ್ತಿರಲಿಲ್ಲ.

ಸಿನಿಮಾ ಮುಗಿದಿದೆ. ನನ್ನ ದೃಶ್ಯಕ್ಕೆ ಕತ್ತರಿ ಬಿತ್ತು. ಬೇಸರವಿಲ್ಲ ಎಂದರೆ ಸುಳ್ಳು. ಆದರೂ ಒಂದು ಮಾತು ತಿಳಿಯಿತು: ಹಿರಿಯರನ್ನು ಕೇಳಿದರೆ ಮರೆತಿದೆ ಎನ್ನುತ್ತಾರೆ, ಅವರ ಕಣ್ಣೆದುರು ತಪ್ಪು ಮಾಡಿದರೆ ತಡೆಯಲಾರದೆ ಎದ್ದು ಬರುತ್ತಾರೆ. ಯಾರಾದರೊಬ್ಬರು ಆ ತಪ್ಪು ಮಾಡಬೇಕಷ್ಟೆ. ನಾನಂತೂ ಅದನ್ನು ಬಲು ದುಂಡಗೆ ಮಾಡಿದೆ.