ಬುರುಡೆಯಣ್ಣನ ಚೀಟಿ

ಪ್ರಾಣಿಶಾಸ್ತ್ರದ ಪ್ರಯೋಗಾಲಯದಲ್ಲಿ ಮೆದುಳಿನ ಜಾಡಿಗಳನ್ನು ಕಾಯುವ ಅಟೆಂಡರನಿಗೆ ವಿದ್ಯಾರ್ಥಿಗಳು ಬುರುಡೆಯಣ್ಣ ಎಂದು ಹೆಸರಿಟ್ಟಿದ್ದಾರೆ, ಆದರೆ ಅವನು ಜನ್ಮದಲ್ಲಿ ಬುರುಡೆ ಬಿಟ್ಟವನಲ್ಲ. ಜಾಡಿಯ ಚೀಟಿ ಎಲ್ಲಿ ಕಳಚಿಬಿಡುತ್ತದೋ ಎಂಬ ದಿಗಿಲು ಅವನಿಗೆ ಸದಾ. ಬೀಗ ಹಾಕಿ ಮೆಟ್ಟಿಲಿಳಿದವನು ಮತ್ತೆ ಹತ್ತಿ ಬಂದು, ಅಂಟು ಹಿಡಿದಿದೆಯೇ ಎಂದು ಒಂದೊಂದನ್ನೂ ಒತ್ತಿ ನೋಡುತ್ತಾನೆ. ಯಾರಾದರೂ ಜಾಡಿ ಮುಟ್ಟಿದರೆ ಅವನ ಜೀವ ಬಾಯಿಗೆ ಬರುತ್ತದೆ. “ಅಲುಗಾಡಿಸ್ಬೇಡಮ್ಮಾ! ಶಾರ್ಕಿಗೆ ವಾಸನೆ ಹಿಡಿಯೋ ಭಾಗ ದೊಡ್ಡದು, ಕಪ್ಪೆಗೆ ಕಿರುಮೆದುಳು ಬರೀ ಒಂದು ಗೆರೆ, ಪಾರಿವಾಳಕ್ಕೆ ಅದೇ ಗುಂಡಗೆ ಉಬ್ಬಿರುತ್ತೆ, ಮೊಲಕ್ಕೆ ಮುಂದಿನ ಮೆದುಳೇ ದೊಡ್ಡದು” ಎಂದು ಒಂದೇ ಉಸಿರಿಗೆ ಒಪ್ಪಿಸಿ, “ಸರಿ ತಾನೇ?” ಎನ್ನುತ್ತಾನೆ. “ನೀವೆಲ್ಲಾದ್ರೂ ತಪ್ತೀರಾ ಅಣ್ಣಾ?” ಎಂದು ಹುಡುಗಿಯರು ನಗುತ್ತಾರೆ. ಮೂವತ್ತು ವರ್ಷ ಮೇಷ್ಟ್ರುಗಳನ್ನೇ ತಿದ್ದಿದವನು ಅವನು; ಹೀಗೆ ಕೇಳುವ ಚಾಳಿ ಹತ್ತಿದ್ದು ಈಚೆಗೆ. ಆ ಉತ್ತರ ಕಿವಿಗೆ ಬಿದ್ದ ಮೇಲೆಯೇ ಅವನ ಹೆಗಲು ಸಡಿಲವಾಗುವುದು. ಸಂಜೆ ಗೇಟು ದಾಟಿದ ಮೇಲೆ, ಯಾರೂ ನೋಡುತ್ತಿಲ್ಲವೆಂದು ಖಾತ್ರಿ ಮಾಡಿಕೊಂಡು, ಅಂಗಿಯ ಜೇಬಿನಿಂದ ಜಾಡಿಗೆ ಅಂಟಿಸುವಂಥದ್ದೇ ಒಂದು ಚೀಟಿಯನ್ನು ತೆಗೆದು ಓದಿಕೊಳ್ಳುತ್ತಾನೆ. ಅವನದೇ ದುಂಡಗಿನ ಅಕ್ಷರ: “ಎಡಕ್ಕೆ ಮೂರನೇ ಬೀದಿ. ಹಸಿರು ಬಾಗಿಲಿನ ಮನೆ. ಬಾಗಿಲು ತೆರೆಯುವವಳು ನಿನ್ನ ಹೆಂಡತಿ.”