ವಾಲೂರಿನಲ್ಲಿ ಅಪ್ಪ ನಡೆದದ್ದು

ತಲೆಸುತ್ತು ಶುರುವಾದ ದಿನ ಅಪ್ಪ ಮೊದಲು ಅನುಮಾನಪಟ್ಟಿದ್ದು ಮನೆಯ ಮೇಲೆ. ಕೆಜಿಎಫ್‌ನ ಕಾರ್ಖಾನೆಯಲ್ಲಿ ಯಂತ್ರಗಳನ್ನು ಮಟ್ಟ ನೋಡಿ ಕೂರಿಸುವುದೇ ಅವನ ಕೆಲಸ. ಎದ್ದವನು ಗೋಡೆ ಹಿಡಿದು, "ನನ್ನ ಚೀಲದಾಗಿರೋ ರಸಮಟ್ಟ ತಗಂಬಾರ್ಲಾ" ಎಂದ. ತಂದು ನೆಲದ ಮೇಲಿಟ್ಟೆ. ಗಾಜಿನ ಕೊಳವೆಯೊಳಗಿನ ಗುಳ್ಳೆ ಸರಿಯಾಗಿ ನಡುವೆ ನಿಂತಿತ್ತು. ಅದನ್ನೇ ಬಹಳ ಹೊತ್ತು ನೋಡಿ ಅಪ್ಪ, "ಅಂಗಾದ್ರೆ ವಾಲಿರೋದು ನಾನೇಯಾ" ಎಂದ.

ಒಳಕಿವಿಯ ತೊಂದರೆ, ಮಾತ್ರೆಯ ಜೊತೆ ನಡೆಯುವ ಅಭ್ಯಾಸವನ್ನೂ ಮಾಡಬೇಕು ಎಂದರು ರಾಬರ್ಟ್‌ಸನ್‌ಪೇಟೆಯ ಡಾಕ್ಟರು. ಕಾರ್ಖಾನೆಯ ಡಾಕ್ಟರ ಮಾತು ಇನ್ನೂ ಸರಳ. ಏನನ್ನೂ ಹಿಡಿಯದೆ ಇಪ್ಪತ್ತು ಹೆಜ್ಜೆ ನೇರವಾಗಿ ನಡೆದು ತೋರಿಸಿದರೆ ಮತ್ತೆ ಯಂತ್ರಗಳ ಹತ್ತಿರ, ಇಲ್ಲದಿದ್ದರೆ ಸ್ಟೋರಿನಲ್ಲಿ ಕುರ್ಚಿ. ಮದುವೆಮನೆಯಲ್ಲೂ ಕುರ್ಚಿಯಲ್ಲಿ ಐದು ನಿಮಿಷ ಕೂರದ ಮನುಷ್ಯ ನಮ್ಮಪ್ಪ. ಅವತ್ತು ರಾತ್ರಿ ಊಟ ಬಿಟ್ಟ.

ನಾನಾಗ ಡಿಗ್ರಿ ಮುಗಿಸಿ ಮನೆಯಲ್ಲೇ ಇದ್ದೆ. ಕಂಡವರ ದನಿ, ಮುಖ ಕದ್ದು ನಕಲು ಮಾಡುವುದು ಬಿಟ್ಟರೆ ಬೇರೆ ಉದ್ಯೋಗವಿರಲಿಲ್ಲ. ಅಪ್ಪನನ್ನು ನಡೆಸುವ ಕೆಲಸ ನನಗೇ ಬಿತ್ತು.

ಹಾಗೆ ಹುಟ್ಟಿದ್ದು ವಾಲೂರು, ತಲೆಸುತ್ತಿನಲ್ಲಿ ವಾಲಿಕೊಂಡ ನಮ್ಮ ಮನೆಯೇ ಆ ಊರು. ಹೆಸರಿಟ್ಟವನು ನಾನು, ಕಂಡವನು ಅಪ್ಪ. ದಿನಾ ಬೆಳಿಗ್ಗೆ ಮಂಚದ ಮೇಲೆ ಕೂತು ವರದಿ ಕೊಡುತ್ತಿದ್ದ: "ಇವತ್ತು ಅಡುಗೆಮನೆ ಬೆಟ್ಟದ ಮೇಲೈತೆ ಕಣ್ಲಾ. ಬಚ್ಚಲು ಕೆಳಕ್ಕೆ ಜಾರೈತೆ." ಹಳೇ ಕ್ಯಾಲೆಂಡರಿನ ಹಿಂದೆ ನಾನು ನಕ್ಷೆ ಬರೆದುಕೊಳ್ಳುತ್ತಿದ್ದೆ. ಅಪ್ಪ ಒಮ್ಮೆ ತಲೆ ತಿರುಗಿಸಿದರೆ ಸಾಕು, ಬೆಟ್ಟ ಬಾಗಿಲಿಗೆ ಬರುತ್ತಿತ್ತು, ನಕ್ಷೆ ರದ್ದಿಗೆ ಹೋಗುತ್ತಿತ್ತು.

ಆ ಊರಿಗೊಂದು ಬಸ್ಸು ಬಿಟ್ಟೆ. ಮಂಚ ಬಂಗಾರಪೇಟೆ, ಅಡುಗೆಮನೆ ಬೂದಿಕೋಟೆ, ಮುಂಬಾಗಿಲು ರಾಬರ್ಟ್‌ಸನ್‌ಪೇಟೆ. ನಾನೇ ಕಂಡಕ್ಟರು. ಅಪ್ಪನ ಎದುರಿಗೆ ಹಿಂದಕ್ಕೆ ಹಿಂದಕ್ಕೆ ಹೆಜ್ಜೆ ಹಾಕುತ್ತಾ ಮೂಗಿನಲ್ಲಿ ಕೂಗುತ್ತಿದ್ದೆ.

"ಬೂದಿಕೋಟೆ, ಬೂದಿಕೋಟೆ. ಮುಂದಕ್ಕೋಗ್ರೀ, ಬಾಗಿಲಾಗೆ ನಿಂತ್ಕಬ್ಯಾಡಿ."

"ಬಸ್ಸು ಒಂದು ಕಡೀಕೆ ವಾಲ್ತೈತೆ ಕಂಡಕ್ಟ್ರೇ."

"ನೀವು ಈ ಕಡೀಕೆ ಬನ್ನಿ, ಸರಿಯೋಗ್ತದೆ."

ಒಳಗಿನಿಂದ ಅಮ್ಮ, "ಬೂದಿಕೋಟೇಗೆ ಬಂದೋರು ಎರಡು ಈರುಳ್ಳಿ ಎಚ್ಚಿಕೊಟ್ಟು ಓಗಿ" ಅನ್ನುತ್ತಿದ್ದಳು.

ವಾಲೂರಿನಲ್ಲಿ ದಾರಿ ಹಿಡಿಯುವ ವಿದ್ಯೆಯನ್ನು ಅಪ್ಪನೇ ಕಂಡುಕೊಂಡ. ಗೋಡೆಯನ್ನು ನಂಬಬಾರದು. ಕಾಲನ್ನು ನೋಡಬಾರದು. ಎದುರಿಗೆ ಕದಲದ ಒಂದೇ ಒಂದು ವಸ್ತುವನ್ನು ಕಣ್ಣಲ್ಲಿ ಹಿಡಿದುಕೊಂಡರೆ ಮಿಕ್ಕಿದ್ದೆಲ್ಲ ಬೇಕಾದಷ್ಟು ಸುತ್ತಿಕೊಳ್ಳಲಿ. ಅದಕ್ಕೆ ಅಪ್ಪ ಆರಿಸಿಕೊಂಡಿದ್ದು ನನ್ನ ಮುಖವನ್ನು. ಇಡೀ ಕೆಜಿಎಫ್‌ನಲ್ಲಿ ಅದಕ್ಕಿಂತ ಕೆಟ್ಟ ಆಯ್ಕೆ ಇರಲಿಲ್ಲ.

ಕಾರ್ಖಾನೆಯ ಡಾಕ್ಟರ ಪರೀಕ್ಷೆಗೆ ಒಂದು ವಾರವಿದ್ದಾಗ ಅಪ್ಪ ಮೊದಲ ಸಲ ಹನ್ನೊಂದನೇ ಹೆಜ್ಜೆ ಮುಟ್ಟಿದ. ಖುಷಿ ತಡೆಯಲಾಗಲಿಲ್ಲ. ಪಕ್ಕದ ಕ್ವಾರ್ಟರ್ಸಿನ ಅಜ್ಜಿ ಹಲ್ಲುಸೆಟ್ಟು ಸರಿಮಾಡಿಕೊಳ್ಳುತ್ತಾ ಆಟೋದವನ ಜೊತೆ ತಮಿಳಿನಲ್ಲಿ ಜಗಳವಾಡುವುದನ್ನು ಮಾಡಿ ತೋರಿಸಿಬಿಟ್ಟೆ. ಬಾಯಿ ಒಂದು ಕಡೆ, ಕಣ್ಣು ಒಂದು ಕಡೆ. ಅಪ್ಪ ನಕ್ಕ. ನಗುತ್ತಲೇ ಹೋಗಿ ಬಾಗಿಲ ಚೌಕಟ್ಟಿಗೆ ಬಡಿದುಕೊಂಡ. ಹುಬ್ಬು ಒಡೆದು ರಕ್ತ ಬಂತು.

ಅಮ್ಮ ಅರಿಶಿನ ಒತ್ತುತ್ತಾ ನನ್ನ ಕಡೆ ನೋಡಿದಳು. ಆ ನೋಟವೊಂದನ್ನು ನಾನು ಇವತ್ತಿಗೂ ನಕಲು ಮಾಡಿಲ್ಲ.

"ತಪ್ಪಾಯ್ತಪ್ಪಾ."

"ಬಿಡ್ಲಾ. ಸುಮ್ಕೆ ನಿನ್ನ ಮುಖಾನೇ ಇಟ್ಕ, ಅದನ್ನ ಹಿಡ್ಕಂಡು ಬತ್ತೀನಿ. ನಿಮಿಷಕ್ಕೆ ನಾಕು ಮುಖ ಆದ್ರೆ ನಾನು ಎಲ್ಲಿಗೆ ಓಗ್ಲಿ?"

ಕನ್ನಡಿಯ ಮುಂದೆ ನಿಂತು ಹುಡುಕಿದೆ. ಕಂಡಕ್ಟರು ಬಂದ, ನಮ್ಮ ಲೆಕ್ಕದ ಮೇಷ್ಟ್ರು ಬಂದರು, ಅಜ್ಜಿ ಹಲ್ಲುಸೆಟ್ಟಿನ ಸಮೇತ ಬಂದಳು. ಎಲ್ಲರನ್ನೂ ಇಳಿಸಿದ ಮೇಲೆ ಉಳಿದದ್ದು ಒಂದು ಪೆಚ್ಚು ಮುಖ. ಹೊರಗೆ ತೋರಿಸಲು ನಾಚಿಕೆಯಾಯಿತು. ಆದರೂ ಆ ವಾರವೆಲ್ಲ ಅದನ್ನೇ ಹೊತ್ತುಕೊಂಡು ಹಿಂದಕ್ಕೆ ನಡೆದೆ.

ಪರೀಕ್ಷೆಯ ದಿನ ಆಸ್ಪತ್ರೆಯ ಹಜಾರದ ತುದಿಯಲ್ಲಿ ನಿಲ್ಲಲು ನನಗೆ ಅಪ್ಪಣೆ ಸಿಕ್ಕಿತು, ಮಾತಾಡಕೂಡದೆಂಬ ಷರತ್ತಿನ ಮೇಲೆ. ಇನ್ನೊಂದು ತುದಿಯಿಂದ ಅಪ್ಪ ಹೊರಟ. ಹದಿಮೂರನೇ ಹೆಜ್ಜೆಯಲ್ಲಿ ಹಜಾರ ವಾಲಿತು. ಅವನ ಭುಜ ನೋಡಿದರೇ ಗೊತ್ತಾಗುತ್ತಿತ್ತು. ಕೈ ಮೆಲ್ಲಗೆ ಗೋಡೆಯ ಕಡೆ ಏಳತೊಡಗಿತು. ನನ್ನ ಕೆನ್ನೆ ಅದುರಿತು, ಹಲ್ಲು ಕಚ್ಚಿ ಹಿಡಿದೆ. ಅಪ್ಪ ನನ್ನ ಮೇಲಿಟ್ಟ ಕಣ್ಣನ್ನು ಕೀಳಲಿಲ್ಲ. ಎದ್ದ ಕೈ ಗೋಡೆಗೆ ತಾಕದೆ ಹಾಗೇ ಕೆಳಗಿಳಿಯಿತು. ಇಪ್ಪತ್ತಾದ ಮೇಲೂ ನಿಲ್ಲದೆ ಇನ್ನೆರಡು ಹೆಜ್ಜೆ ಬಂದು ನನ್ನ ಭುಜ ಹಿಡಿದುಕೊಂಡ.

"ಸೋಮವಾರದಿಂದ ಬನ್ನಿ. ಏಣಿ ಮಾತ್ರ ಹತ್ತಬೇಡಿ" ಎಂದು ಡಾಕ್ಟರು ಬರೆಯಲು ಕೂತರು.

ಅಪ್ಪ ನನ್ನ ಕಿವಿಯ ಹತ್ತಿರ ಬಗ್ಗಿದ. "ಇವತ್ತು ಯಾರ ಮುಖಾನ್ಲಾ ಆಕ್ಕಂಡಿದ್ದೆ?"

"ನಂದೇ ಕಣಪ್ಪಾ."

ಇನ್ನೊಮ್ಮೆ ನೋಡಿದ. "ಅಲ್ಲ. ಅದು ನಮ್ಮಪ್ಪಂದು."

ಬೂದಿಕೋಟೆಯಲ್ಲಿದ್ದ ಆ ತಾತ ನಾನು ಹುಟ್ಟುವ ಮೊದಲೇ ತೀರಿಕೊಂಡಿದ್ದ. ಕಂಡೇ ಇಲ್ಲದವನ ನಕಲನ್ನೂ ನಾನು ಮಾಡಿಬಿಟ್ಟಿದ್ದೆ.